ಡಿಕ್ಸ್‌ಮಾಯ್ಡದ ಎರಡು ಗೋಪುರಗಳು

ಬೆಲ್ಜಿಯಂನ ಗೆಂಟ್‌ನಿಂದ ಡಿಕ್ಸ್‌ಮಾಯ್ಡಕ್ಕೆ ರೈಲು ಹೊರಟಾಗ ಜಿಟಿಜಿಟಿ ಮಳೆ. ಹಿಂದಿನ ರಾತ್ರಿ ಲ್ಯಾಪ್‌ಟಾಪಿನಲ್ಲಿ ನೋಡಿದ ಮೂಕಿ ಚಿತ್ರಗಳು ಇನ್ನೂ ಕಣ್ಣಲ್ಲೇ ಇದ್ದವು. ತೆಗೆದವನು ಕ್ಲೆಮೆನ್ಸ್ ಡೆ ಲಾಂಡ್ಟ್‌ಶೇರ್. ಮೂಲತಃ ಸಿನಿಮಾದವನಲ್ಲ, ಐಸರ್ ಯಾತ್ರೆಯ ಸಮಿತಿಯ ಕಾರ್ಯದರ್ಶಿ. ಮೊದಲ ಮಹಾಯುದ್ಧದಲ್ಲಿ ಐಸರ್ ನದಿ ದಂಡೆಯಲ್ಲಿ ಸತ್ತ ಫ್ಲೆಮಿಷ್ ಸಿಪಾಯಿಗಳ ನೆನಪಿನ ಯಾತ್ರೆ ಅದು. 1928ರಲ್ಲಿ ಆ ಯುದ್ಧದ ಹಳೇ ತುಣುಕುಗಳನ್ನು ಜೋಡಿಸಿ, ಐಸರ್ ದಂಡೆಯ ‘ನಮ್ಮ ಹುಡುಗರ’ ಮೇಲೆ ದೊಡ್ಡ ಚಿತ್ರವನ್ನೇ ಮಾಡಿದ. ಆಮೇಲೆ ‘ಫ್ಲಾಂಡ್ರಿಯಾ ಫಿಲ್ಮ್’ ಹೆಸರಲ್ಲಿ ಯಾತ್ರೆಗಳನ್ನೂ ಸೆರೆಹಿಡಿದ.

ಸ್ಟೇಷನ್ನಿನಿಂದ ಊರು ದಾಟಿ, ಸೇತುವೆ ದಾಟಿದರೆ ಆ ಸಿಪಾಯಿಗಳ ಸ್ಮಾರಕವಾದ ಐಸರ್ ಗೋಪುರ. ಐಸರ್ ನದಿ ಅಂದುಕೊಂಡಷ್ಟು ಅಗಲವಿಲ್ಲ, ನಮ್ಮ ಕಡೆಯ ದೊಡ್ಡ ನಾಲೆಯ ಹಾಗಿದೆ. 1914ರ ಅಕ್ಟೋಬರ್‌ನಲ್ಲಿ ನ್ಯೂಪೋರ್ಟ್‌ನ ತೂಬು ತೆಗೆದು ಸಮುದ್ರದ ನೀರು ನುಗ್ಗಿಸಿ ಜರ್ಮನ್ನರನ್ನು ತಡೆದದ್ದು ಇದೇ ಬಯಲಲ್ಲಿ.

ಬೆಲ್ಜಿಯಂ ಸೈನ್ಯದಲ್ಲಿ ಸಿಪಾಯಿಗಳ ಪೈಕಿ ಫ್ಲೆಮಿಷ್ (ಅಲ್ಲಿನ ಡಚ್ ಭಾಷೆ) ಮಾತಾಡುವವರೇ ಹೆಚ್ಚು, ಅಧಿಕಾರಿಗಳ ಮಾತು ಬಹುಪಾಲು ಫ್ರೆಂಚ್. ಆ ಸಂಕಟ ಕನ್ನಡದವರಿಗೆ ಬಿಡಿಸಿ ಹೇಳಬೇಕಿಲ್ಲ. ಸತ್ತ ಫ್ಲೆಮಿಷ್ ಹುಡುಗರಿಗೆ ಅವರದೇ ಭಾಷೆಯ ಗೋರಿಕಲ್ಲು ಬೇಕೆಂದು ಚಿತ್ರಕಾರ ಜೋ ಇಂಗ್ಲಿಷ್ ಒಂದು ವಿನ್ಯಾಸ ಮಾಡಿಕೊಟ್ಟ: ಶಿಲುಬೆ, ಎವಿವಿ-ವಿವಿಕೆ (‘ಎಲ್ಲವೂ ಫ್ಲಾಂಡರ್ಸ್‌ಗೆ, ಫ್ಲಾಂಡರ್ಸ್ ಕ್ರಿಸ್ತನಿಗೆ’) ಅಕ್ಷರಗಳು, ರೆಕ್ಕೆ ಬಿಚ್ಚಿದ ಕಡಲಹಕ್ಕಿ. ಯುದ್ಧ ಮುಗಿಯುವ ಮುನ್ನವೇ ಅವನೂ ತೀರಿಕೊಂಡ. 1920ರ ಮೊದಲ ಯಾತ್ರೆ ಸ್ಟೇನ್‌ಕೆರ್ಕೆಯಲ್ಲಿದ್ದ ಅವನ ಸಮಾಧಿಗೇ. 1925ರಲ್ಲಿ ಅಂಥ ನೂರಾರು ಗೋರಿಕಲ್ಲುಗಳನ್ನು ಪುಡಿಮಾಡಿ ರಸ್ತೆಗೆ ಸುರಿದರಂತೆ. ಗೋಪುರ ಕಟ್ಟುವ ಹಟ ಬಂದದ್ದು ಆ ಸಿಟ್ಟಿನಿಂದಲೇ ಇರಬೇಕು ಅನ್ನಿಸಿತು.

1930ರಲ್ಲಿ ಉದ್ಘಾಟನೆಯಾದ ಆ ಗೋಪುರ ಈಗಿಲ್ಲ. ಎರಡನೇ ಯುದ್ಧದಲ್ಲಿ ಫ್ಲೆಮಿಷ್ ಚಳವಳಿಯವರಲ್ಲಿ ಕೆಲವರು ಜರ್ಮನ್ನರ ಜೊತೆ ಕೈಜೋಡಿಸಿದ್ದರು. 1946ರ ಮಾರ್ಚ್‌ನ ಒಂದು ರಾತ್ರಿ ಯಾರೋ ಡೈನಮೈಟ್ ಇಟ್ಟು ಗೋಪುರವನ್ನು ಉರುಳಿಸಿದರು. ಅವಶೇಷಗಳ ಕಲ್ಲಿನಿಂದ ಕಟ್ಟಿದ್ದು ಎದುರಿನ ಶಾಂತಿದ್ವಾರ, ಪಾಕ್ಸ್‌ಪೋರ್ಟ್.

ಹೊಸ ಗೋಪುರ 84 ಮೀಟರ್. ಲಿಫ್ಟಿನಲ್ಲಿ ಮೇಲೆ ಹೋಗಿ, ಮಹಡಿ ಮಹಡಿಯ ಮ್ಯೂಸಿಯಂ ನೋಡುತ್ತ ಇಳಿದು ಬರಬೇಕು. ಮೇಲೆ ಗಾಳಿಗೆ ನನ್ನ ಛತ್ರಿ ಉಲ್ಟಾ ಆಯ್ತು, ಕೆಳಗೆ ನದಿ ಬೂದುಬಣ್ಣದ ದಾರದ ಹಾಗೆ ಕಂಡಿತು. ಗೋಡೆಯ ಮೇಲೆ ನಾಲ್ಕು ಭಾಷೆಗಳಲ್ಲಿ ‘ಇನ್ನೆಂದೂ ಯುದ್ಧ ಬೇಡ’.

ಇಳಿದು ಹಳೇ ಗೋಪುರದ ಅಡಿಪಾಯದ ಹತ್ತಿರ ನಿಂತು, ಫೋನಿನಲ್ಲಿ ಉಳಿಸಿಕೊಂಡಿದ್ದ ಹಳೇ ಗೋಪುರದ ಚಿತ್ರವನ್ನು ಆಕಾಶಕ್ಕೆ ಹಿಡಿದೆ. ಅದು 50 ಮೀಟರಿನದು, ಇದು 84. ಎಷ್ಟು ಹಿಂದೆ ಸರಿದರೂ ಒಂದಕ್ಕೊಂದು ಕೂಡಲಿಲ್ಲ. ಅಷ್ಟರಲ್ಲಿ ಪರದೆಯ ಮೇಲೆ ಮಳೆ ಹನಿ. ಒರೆಸಿ ಜೇಬಿಗೆ ಹಾಕಿಕೊಂಡು ಸ್ಟೇಷನ್ನಿನ ಕಡೆ ಓಡಿದೆ.