ಮೂಕಿ ಚಿತ್ರದವರಿಗೆ ಅಷ್ಟೊಂದು ಅವಸರ ಯಾಕೆ?

ಹಳೆಯ ಮೂಕಿ ಚಿತ್ರಗಳ ಮಾತು ಬಂದಾಗಲೆಲ್ಲ ಈ ಪ್ರಶ್ನೆ ಬರುತ್ತದೆ: ಅದರಲ್ಲಿ ಎಲ್ಲರೂ ಕೀಲಿ ಕೊಟ್ಟ ಗೊಂಬೆಗಳ ಹಾಗೆ ದಡಬಡ ಓಡಾಡುವುದೇಕೆ? ತಪ್ಪು ನಟರದಲ್ಲ, ನಾವು ಚಿತ್ರವನ್ನು ಓಡಿಸುವ ವೇಗದ್ದು.

1912ರ ‘ದಿ ಇನ್ವೇಡರ್ಸ್’ ತೆಗೆದುಕೊಳ್ಳಿ. ಥಾಮಸ್ ಇನ್ಸ್ ಮತ್ತು ಫ್ರಾನ್ಸಿಸ್ ಫೋರ್ಡ್ ಕ್ಯಾಲಿಫೋರ್ನಿಯಾದಲ್ಲಿ ತೆಗೆದ ಮೂರು ರೀಲಿನ ವೆಸ್ಟರ್ನ್. ಅಮೆರಿಕದ ಮೂಲನಿವಾಸಿಗಳಾದ ಸೂ ಜನರೊಂದಿಗೆ ಒಪ್ಪಂದಕ್ಕೆ ಸಹಿ ಹಾಕುವ ಸೇನಾಠಾಣೆಯ ಕರ್ನಲ್, ಆ ಒಪ್ಪಂದ ಮುರಿದು ಅವರ ನೆಲಕ್ಕೆ ನುಗ್ಗುವ ರೈಲ್ವೆ ಸರ್ವೆಯವರು, ಕೊನೆಗೆ ಠಾಣೆಗೆ ಮುತ್ತಿಗೆ. ಕರ್ನಲ್ ಆಗಿರುವವನು ಫೋರ್ಡ್. ಸೂ ಪಾತ್ರಗಳಲ್ಲಿ ಸೂಗಳದೇ ಒಂದು ಪಂಗಡವಾದ ಲಕೋಟಾ ಜನರೇ ಇದ್ದಾರೆ. ಇಂಥ ಗಂಭೀರ ಕತೆಗೂ ಜನ ನಗುತ್ತಾರೆಂದರೆ ಕಾರಣ ಬರೀ ಲೆಕ್ಕದ್ದು.

ಆಗ ಕ್ಯಾಮೆರಾ ಓಡುತ್ತಿದ್ದುದು ಕೈಯಿಂದ. ಹಿಡಿಕೆ ಒಂದು ಸುತ್ತು ತಿರುಗಿಸಿದರೆ 8 ಫ್ರೇಮು, ಅಂದರೆ 8 ಬಿಡಿ ಚಿತ್ರ. ಸೆಕೆಂಡಿಗೆ ಎರಡು ಸುತ್ತು, ಅಂದರೆ 16 ಫ್ರೇಮು. ಟಾಕಿ ಬಂದ ಮೇಲೆ 24 ಖಾಯಂ ಆಯಿತು. 35 ಎಂಎಂ ಫಿಲ್ಮಿನಲ್ಲಿ ಅಡಿಗೆ 16 ಫ್ರೇಮು, ಹಾಗಾಗಿ 1,000 ಅಡಿಯ ರೀಲು 16ರ ವೇಗದಲ್ಲಿ 16 ನಿಮಿಷ 40 ಸೆಕೆಂಡು ಓಡುತ್ತದೆ. 24ರಲ್ಲಿ 11 ನಿಮಿಷ ಚಿಲ್ಲರೆಗೇ ಮುಗಿಯುತ್ತದೆ. ಸೆಕೆಂಡಿಗೆ ಎರಡು ಹೆಜ್ಜೆಯಂತೆ ಕವಾಯತು ಮಾಡುವ ಸಿಪಾಯಿ ಮೂರು ಹೆಜ್ಜೆ ಹಾಕತೊಡಗುತ್ತಾನೆ.

ಸರಿಮಾಡುವುದು ಸುಲಭ. ಯೂಟ್ಯೂಬಿನಲ್ಲಿ ಪ್ಲೇಬ್ಯಾಕ್ ವೇಗವನ್ನು 0.75ಕ್ಕೆ ಇಳಿಸಿ (24 ಇದ್ದದ್ದು 18 ಆಗುತ್ತದೆ), ಇನ್ನೂ ಅವಸರ ಕಂಡರೆ 0.65ಕ್ಕೆ. ಸಂಗೀತ ಎಳೆದಂತಾಗುತ್ತದೆ, ಸದ್ದು ಬಂದ್ ಮಾಡಿ. ಹೇಗೂ ಅದು ಆಮೇಲೆ ಸೇರಿಸಿದ್ದು. ಆದರೆ ವೇಗ ಅಳೆಯಲು ಕುದುರೆ ಓಟದ ದೃಶ್ಯ ಬೇಡ. ರಭಸ ಹೆಚ್ಚಿಸಲೆಂದು ಅಂಥ ಕಡೆ ಹಿಡಿಕೆಯನ್ನು ಬೇಕೆಂದೇ ನಿಧಾನ ತಿರುಗಿಸುವುದಿತ್ತು. ಕುದುರೆಗೆ ಹೊಂದಿಸಲು ಹೋದರೆ ಒಳಾಂಗಣದ ದೃಶ್ಯಗಳು ತೂಕಡಿಸುತ್ತವೆ. ಯಾರಾದರೂ ಕುರ್ಚಿಯಿಂದ ಏಳುವುದನ್ನೋ ಕಾಗದ ಮಡಿಸುವುದನ್ನೋ ನೋಡಿ ಹೊಂದಿಸಿ.

ಅದಕ್ಕೂ ಮುಂಚೆ ಪ್ರತಿಯನ್ನೇ ಪರೀಕ್ಷಿಸಬೇಕು. ಯೂಟ್ಯೂಬಿನಲ್ಲಿ ವಿಡಿಯೋ ನಿಲ್ಲಿಸಿ ಫುಲ್‌ಸ್ಟಾಪ್ ಕೀ ಒತ್ತುತ್ತಾ ಹೋದರೆ ಒಂದೊಂದೇ ಫ್ರೇಮು ಮುಂದೆ ಸರಿಯುತ್ತದೆ. ಪ್ರತಿ ಮೂರರಲ್ಲಿ ಎರಡು ಒಂದೇ ತೆರನಾಗಿದ್ದರೆ, 16ನ್ನು 24 ಮಾಡಲು ಯಾರೋ ಒಂದು ಬಿಟ್ಟು ಒಂದು ಫ್ರೇಮನ್ನು ಎರಡು ಸಲ ಸೇರಿಸಿದ್ದಾರೆ ಎಂದರ್ಥ. ಅಂಥ ಪ್ರತಿಯ ವೇಗ ಸರಿಯಾಗಿಯೇ ಇರುತ್ತದೆ, ನಡಿಗೆ ಮಾತ್ರ ಕುಂಟುತ್ತದೆ. ಅದನ್ನು ಇನ್ನಷ್ಟು ನಿಧಾನ ಮಾಡಿದರೆ ಕುಂಟು ಹೆಚ್ಚುತ್ತದೆಯೇ ಹೊರತು ಹೋಗುವುದಿಲ್ಲ. ಬೇರೆ ಪ್ರತಿ ಹುಡುಕುವುದೇ ಸರಿ.