ರಾಕೆಟ್ ಹೋದ ಮೇಲೆ

ಅಕ್ಟೋಬರ್ 5, 2024, ಶನಿವಾರ
ಆಲೂರು

ಹೋದ ವಾರ ಪೂರ್ತಿ ಬೆಳಿಗ್ಗೆ ಹನ್ನೊಂದರ ಹೊತ್ತಿಗೆ ಒಂದೇ ಥರದ ಫೋನು. "ಮಳೆ ಇಲ್ಲ, ಗಾಳಿ ಇಲ್ಲ, ಟಿವಿ ಹೋಯ್ತಲ್ಲಪ್ಪ?" ಒಂದು ಹತ್ತು ನಿಮಿಷ ಬಿಟ್ಟು ನೋಡಿ ಅಂತ ಹೇಳಿ ಇಡುತ್ತಿದ್ದೆ. ಅಷ್ಟರಲ್ಲಿ ತಾನಾಗೇ ಬಂದಿರುತ್ತೆ. ಬಂತು ಅಂತ ತಿಳಿಸೋಕೆ ಮಾತ್ರ ಯಾರೂ ಫೋನ್ ಮಾಡಲ್ಲ. ಡಿಶ್ ಕಟ್ಟುವವರಿಗೆ ವರ್ಷಕ್ಕೆ ಎರಡು ಸಲ ಈ ಕಾಟ ಇದ್ದದ್ದೇ: ಮಾರ್ಚ್ ನಡುವೆ ಒಮ್ಮೆ, ಸೆಪ್ಟೆಂಬರ್ ಕೊನೆಗೆ ಒಮ್ಮೆ. ಆ ದಿನಗಳಲ್ಲಿ ಸೂರ್ಯ ಸರಿಯಾಗಿ ಉಪಗ್ರಹದ ಬೆನ್ನಿಗೆ ಬಂದು ನಿಲ್ಲುತ್ತಾನೆ. ಸೂರ್ಯನಿಂದಲೂ ರೇಡಿಯೊ ಅಲೆಗಳು ಬರುತ್ತವಲ್ಲ, ಅವುಗಳ ಗದ್ದಲದಲ್ಲಿ ಉಪಗ್ರಹದ ಸಣ್ಣ ಸಿಗ್ನಲ್ ಮುಳುಗಿಹೋಗುತ್ತೆ. ಮೋಡ ಇದ್ದರೂ ಅಷ್ಟೇ, ಇಲ್ಲದಿದ್ದರೂ ಅಷ್ಟೇ.

ದಸರಾ ರಜೆಗೆ ಬಂದಿರುವ ಅಕ್ಕನ ಮಗ ಇದನ್ನು ಕೇಳಿಸಿಕೊಂಡು, "ಹಾಗಾದ್ರೆ ಮಾಮ, ಉಪಗ್ರಹ ಎಲ್ಲಿದೆ ಅಂತ ಸೂರ್ಯನೇ ತೋರಿಸಿದ ಹಾಗಾಯ್ತು" ಅಂದ. ಎಂಟನೇ ಕ್ಲಾಸಿನ ಹುಡುಗ. ಈ ಮಾತು ಹೊಳೆಯೋಕೆ ನನಗೆ ಈ ಕಸುಬಿನಲ್ಲಿ ಎಷ್ಟೋ ವರ್ಷ ಹಿಡಿದಿತ್ತು. ಬೆಂಗಳೂರಿನ ಕಸ್ತೂರಬಾ ರಸ್ತೆಯ ವಿಶ್ವೇಶ್ವರಯ್ಯ ಮ್ಯೂಸಿಯಂಗೆ ಕರೆದುಕೊಂಡು ಹೋಗು ಅಂತ ಬಂದ ದಿನದಿಂದ ಅವನದು ಒಂದೇ ರಾಗ. ಹಬ್ಬದ ರಶ್ಶಿನಲ್ಲಿ ಬೆಂಗಳೂರು ಬಸ್ಸು ಯಾರಿಗೆ ಬೇಕು? ಹಾಸನದ ಕಾಲೇಜೊಂದರಲ್ಲಿ ಬಾಹ್ಯಾಕಾಶ ಸಪ್ತಾಹಕ್ಕೆ ಪ್ರದರ್ಶನ ಇಟ್ಟಿದ್ದಾರೆ ಅಂತ ವಾಟ್ಸಾಪ್‌ನಲ್ಲಿ ಬಂದಿತ್ತು. ಬೆಳಿಗ್ಗೆ ಅದು, ಮಧ್ಯಾಹ್ನ ಊಟ, ಆಮೇಲೆ ಸಾಲಗಾಮೆ ರಸ್ತೆಯಲ್ಲಿ ಇಸ್ರೋದ ಉಪಗ್ರಹ ನಿಯಂತ್ರಣ ಕೇಂದ್ರದ ಆಂಟೆನಾ ಅಂತ ನಾವೇ ಒಂದು ಪ್ಲಾನ್ ಹಾಕಿದೆವು. ಅಂಗಡಿಗೆ ಬೀಗ ಹಾಕಿ ಒಂಬತ್ತರ ಬಸ್ಸು ಹತ್ತಿದ್ದಾಯಿತು.

ಅಕ್ಟೋಬರ್ 4ರಿಂದ 10ರವರೆಗೆ ಜಗತ್ತಿನಾದ್ಯಂತ ಈ ಸಪ್ತಾಹ. 1957ರ ಅಕ್ಟೋಬರ್ 4ಕ್ಕೆ ಮನುಷ್ಯ ಕಳಿಸಿದ ಮೊದಲ ಉಪಗ್ರಹ ಸ್ಪುಟ್ನಿಕ್ ಹಾರಿತು. ಬಾಹ್ಯಾಕಾಶ ಯಾವ ದೇಶದ ಸೊತ್ತೂ ಅಲ್ಲ ಅನ್ನುವ ಒಪ್ಪಂದ 1967ರ ಅಕ್ಟೋಬರ್ 10ಕ್ಕೆ ಜಾರಿಗೆ ಬಂತು. ಒಂದು ತುದಿಗೆ ಸಾಹಸ, ಇನ್ನೊಂದು ತುದಿಗೆ ಕಾನೂನು. ಬಾಗಿಲಲ್ಲೇ ಬರೆದು ಹಾಕಿದ್ದರು.

ಒಳಗೆ ಗೈಡ್ ಅಂತ ಯಾರೂ ಇಲ್ಲ. ನೆಲದ ಮೇಲೆ ಸುಣ್ಣದ ಬಾಣದ ಗುರುತು, ಅದನ್ನು ಹಿಡಿದು ನಾವೇ ಹೋಗಬೇಕು. ನನಗೆ ಇದೇ ಇಷ್ಟ. ಬೇಡದ್ದನ್ನು ದಾಟಿಕೊಂಡು ಹೋಗಬಹುದು, ಬೇಕಾದ ಕಡೆ ಅರ್ಧ ಗಂಟೆ ನಿಲ್ಲಬಹುದು. ಗ್ರಹಗಳ ಚಾರ್ಟು, ಚಂದ್ರಯಾನದ ಫ್ಲೆಕ್ಸು, ಗಗನಯಾತ್ರಿ ಬಟ್ಟೆಯ ಬೊಂಬೆ, ಅದರ ಪಕ್ಕ ಸೆಲ್ಫಿಗೆ ಸಾಲು: ಇಷ್ಟನ್ನೂ ನಾವು ಬೇಗ ದಾಟಿದೆವು.

ನಿಂತಿದ್ದು ರಾಕೆಟ್ಟುಗಳ ಮುಂದೆ. ಪಿಎಸ್‌ಎಲ್‌ವಿ, ಜಿಎಸ್‌ಎಲ್‌ವಿ, ಎಲ್‌ವಿಎಂ3 ಮೂರೂ ಸಾಲಾಗಿ. ನಿಜವಾದ ಪಿಎಸ್‌ಎಲ್‌ವಿ 44 ಮೀಟರ್ ಎತ್ತರ, ತೂಕ 320 ಟನ್. ಎಲ್‌ವಿಎಂ3 ಎತ್ತರದಲ್ಲಿ ಅದಕ್ಕಿಂತ ಚೂರು ಗಿಡ್ಡ, ತೂಕದಲ್ಲಿ ಎರಡರಷ್ಟು, 640 ಟನ್. ಒಂದನ್ನು ಉದ್ದಕ್ಕೆ ಸೀಳಿ ಒಳಗಿನ ಟ್ಯಾಂಕುಗಳನ್ನು ತೋರಿಸಿದ್ದರು. ಮೇಲಿನ ಕ್ರಯೋಜೆನಿಕ್ ಹಂತದಲ್ಲಿ ದ್ರವ ಹೈಡ್ರೋಜನ್ ಶೂನ್ಯಕ್ಕಿಂತ 253 ಡಿಗ್ರಿ ಕೆಳಗೆ, ಅದರ ಪಕ್ಕದಲ್ಲೇ ದ್ರವ ಆಮ್ಲಜನಕ 183 ಡಿಗ್ರಿ ಕೆಳಗೆ. ಹುಡುಗ ಕಾಪಿ ಬುಕ್ ತೆಗೆದು ಎಲ್ಲಾ ಬರೆದುಕೊಂಡ.

ಅದರಾಚೆ ಆ ಎತ್ತಿನ ಗಾಡಿಯ ಫೋಟೊ. ಆಪಲ್ ಉಪಗ್ರಹವನ್ನು ಗಾಡಿ ಮೇಲೆ ಇಟ್ಟಿರೋದು. ಇದನ್ನು ನೋಡಿದವರೆಲ್ಲ "ಪಾಪ, ಆಗ ಇಸ್ರೋ ಹತ್ತಿರ ದುಡ್ಡಿರಲಿಲ್ಲ" ಅಂತಾರೆ. ನಮ್ಮ ಹಿಂದಿದ್ದ ದಂಪತಿಯೂ ಅದನ್ನೇ ಅಂದರು. ಅಸಲು ಕಾರಣ ಬೇರೆ. ಆಂಟೆನಾ ಪರೀಕ್ಷೆ ಮಾಡುವಾಗ ಸುತ್ತಮುತ್ತ ಕಬ್ಬಿಣದ ಗಾಡಿ ಇದ್ದರೆ ಅಳತೆ ಕೆಡುತ್ತೆ, ಅದಕ್ಕೇ ಮರದ ಗಾಡಿ. ತಗಡಿನ ಶೀಟಿನ ಮಗ್ಗುಲಲ್ಲಿ ಸಿಗ್ನಲ್ ಮೀಟರ್ ಹಿಡಿದು ಒದ್ದಾಡಿದವನಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. 1981ರ ಜೂನ್ 19ಕ್ಕೆ ಆಪಲ್ ಮೇಲಕ್ಕೆ ಹೋಯಿತು. ಸಂಪರ್ಕಕ್ಕೆ ಅಂತ ನಮ್ಮವರೇ ಕಟ್ಟಿ ಭೂಸ್ಥಿರ ಕಕ್ಷೆಗೆ (ನೆಲದಿಂದ ನೋಡಿದರೆ ಉಪಗ್ರಹ ನಿಂತಲ್ಲೇ ನಿಂತ ಹಾಗೆ ಕಾಣುವ ದಾರಿಗೆ) ಕಳಿಸಿದ ಮೊದಲನೆಯದು ಅದು. ಗಾಡಿಯ ಫೋಟೊವನ್ನು ಬಡತನದ ಗುರುತು ಮಾಡಿಬಿಟ್ಟಿದ್ದೇವೆ, ಇರಲಿ.

ಕೊನೆಯ ಮೇಜಿನ ಮೇಲೆ ಉಪಗ್ರಹದ ಮಾದರಿ. ಥರ್ಮೋಕೋಲ್ ಡಬ್ಬಕ್ಕೆ ಚಿನ್ನದ ಬಣ್ಣದ ಹಾಳೆ ಸುತ್ತಿ ಸೆಲೋಟೇಪ್ ಅಂಟಿಸಿದ್ದರು. ಎರಡು ಕಡೆ ನೀಲಿ ಸೌರಫಲಕ, ಒಂದು ಫಲಕ ಸ್ವಲ್ಪ ಜೋತುಬಿದ್ದಿತ್ತು. ಮುಂದೆ ನಿಂತಿದ್ದ ವಿದ್ಯಾರ್ಥಿನಿಯನ್ನು ಹುಡುಗ ಕೇಳಿದ, "ಅಕ್ಕ, ಇದು ನಿಜವಾಗ್ಲೂ ಚಿನ್ನಾನಾ?" ಅಲ್ಲವಂತೆ. ಜೇನಿನ ಬಣ್ಣದ ತೆಳು ಪ್ಲಾಸ್ಟಿಕ್ ಹಾಳೆ, ಅದರ ಹಿಂಬದಿಗೆ ಅಲ್ಯೂಮಿನಿಯಂ ಲೇಪ. ಎರಡೂ ಸೇರಿ ಚಿನ್ನದ ಹಾಗೆ ಕಾಣುತ್ತೆ. ಬಿಸಿಲು ಮತ್ತು ಚಳಿ ಎರಡರಿಂದಲೂ ಕಾಪಾಡೋಕೆ ಅಂಥ ಹಾಳೆಗಳನ್ನು ಪದರ ಪದರವಾಗಿ ಹೊದಿಸುತ್ತಾರೆ. ಆ ಹುಡುಗಿ ಚೆನ್ನಾಗಿ ಹೇಳಿದಳು.

"ಇದು ಮೇಲೆ ಹೋದಮೇಲೆ ಏನಮ್ಮ ಆಗುತ್ತೆ?" ಅಂತ ನಾನು ಕೇಳಿದೆ. "ಸುತ್ತುತ್ತಾ ಇರುತ್ತೆ ಅಂಕಲ್" ಅಂದಳು. ಅಲ್ಲಿಗೆ ಬಾಣದ ಗುರುತೂ ಮುಗಿದಿತ್ತು, ಮುಂದೆ ಬಾಗಿಲು.

ನನ್ನ ತಕರಾರು ಇಲ್ಲೇ ಇರೋದು. ಆ ಹುಡುಗಿಯ ಮೇಲಲ್ಲ, ಬಾಣದ ಮೇಲೆ. ಇಂಥ ರಾಕೆಟ್ಟು ಇಪ್ಪತ್ತು ನಿಮಿಷದೊಳಗೆ ತನ್ನ ಕೆಲಸ ಮುಗಿಸಿ ಕೈತೊಳೆದುಕೊಳ್ಳುತ್ತೆ. ಆಗ ಉಪಗ್ರಹ ಇರೋದು ಉದ್ದನೆಯ ಮೊಟ್ಟೆಯಾಕಾರದ ದಾರಿಯಲ್ಲಿ, ಒಂದು ತುದಿ ಭೂಮಿಗೆ ಇನ್ನೂರು ಕಿಲೋಮೀಟರ್ ಆಸುಪಾಸು, ಇನ್ನೊಂದು ತುದಿ ಮೂವತ್ತಾರು ಸಾವಿರದ ಹತ್ತಿರ. ಅಲ್ಲಿಂದ ಅದನ್ನು 35,786 ಕಿಲೋಮೀಟರ್ ಎತ್ತರದ ದುಂಡು ಕಕ್ಷೆಗೆ ತಂದು ಕೂರಿಸೋದು, ಕೂರಿಸಿದ ಮೇಲೆ ಹನ್ನೆರಡು, ಹದಿನೈದು ವರ್ಷ ಅಲುಗದ ಹಾಗೆ ನೋಡಿಕೊಳ್ಳೋದು ಹಾಸನದ ಆ ಇಸ್ರೋ ಕೇಂದ್ರದ ಕೆಲಸ. ಪ್ರದರ್ಶನ ನಡೆದಿದ್ದು ಹಾಸನದಲ್ಲಿ, ಹಾಸನದ ಕೆಲಸಕ್ಕೆ ಒಂದು ಮೇಜೂ ಇಲ್ಲ! ಹೊಗೆ ಇಲ್ಲ, ಬೆಂಕಿ ಇಲ್ಲ, ಕೌಂಟ್‌ಡೌನ್ ಇಲ್ಲ. ಏನಂತ ಇಡ್ತಾರೆ?

ಊಟಕ್ಕೆ ಮುದ್ದೆ, ಹುರುಳಿಕಾಳು ಸಾರು. ತಿನ್ನುತ್ತಲೇ ಅವನಿಗೆ ಇದನ್ನೆಲ್ಲ ಹೇಳಿದೆ. ನನಗೂ ಇದು ಪುಸ್ತಕ ಓದಿ ಬಂದದ್ದಲ್ಲ. ವಿದ್ಯಾನಗರದಲ್ಲಿ ಆ ಕೇಂದ್ರದಿಂದ ನಿವೃತ್ತರಾದ ಗಿರಾಕಿಯೊಬ್ಬರು ಇದ್ದರು. ಡಿಶ್ ಸರಿಮಾಡೋಕೆ ಹೋದಾಗಲೆಲ್ಲ ಕಾಫಿ ಕೊಟ್ಟು, ಪಕ್ಕದಲ್ಲಿ ಕೂರಿಸಿಕೊಂಡು ಹೇಳುತ್ತಿದ್ದರು.

ಉಪಗ್ರಹದಲ್ಲಿರುವ ದೊಡ್ಡ ಎಂಜಿನ್ನಿನ ಬಲ 440 ನ್ಯೂಟನ್. ನೆಲದ ಮೇಲಾದರೆ ಒಂದು ಮೂಟೆ ಕಾಫಿ ಬೀಜ ಎತ್ತುವಷ್ಟೂ ಆಗಲ್ಲ. ಅದನ್ನೇ ಕೆಲವು ಸಲ ಗಂಟೆಗಟ್ಟಲೆ ಉರಿಸಿ, ದಾರಿಯನ್ನು ಹಂತ ಹಂತವಾಗಿ ದುಂಡಗೆ ಮಾಡುತ್ತಾರೆ. ಆ ಉರಿಸುವ ಆಜ್ಞೆ ಹೋಗೋದು ಹಾಸನದಿಂದ. 2018ರಲ್ಲಿ ಜಿಸ್ಯಾಟ್-6ಎಗೆ ಎರಡು ಸಲ ಉರಿಸಿ ಮೂರನೆಯದಕ್ಕೆ ಅಣಿಯಾಗುತ್ತಿದ್ದಾಗಲೇ ಸಂಪರ್ಕ ತಪ್ಪಿಹೋಯಿತು. ರಾಕೆಟ್ಟು ಮಾತ್ರ ಒಂದಿಷ್ಟೂ ತಪ್ಪು ಮಾಡಿರಲಿಲ್ಲ.

ಕೂರಿಸಿದ ಮೇಲೆ ಇನ್ನೊಂದು ಗೋಳು. ಸೂರ್ಯ ಚಂದ್ರರ ಸೆಳೆತಕ್ಕೆ ಕಕ್ಷೆ ವರ್ಷಕ್ಕೆ ಮುಕ್ಕಾಲರಿಂದ ಒಂದು ಡಿಗ್ರಿಯಷ್ಟು ವಾಲುತ್ತೆ. ಭೂಮಿಯ ನಡುಪಟ್ಟಿ ಪೂರ್ತಿ ದುಂಡಗಿಲ್ಲ, ಹಾಗಾಗಿ ಪೂರ್ವ ಪಶ್ಚಿಮಕ್ಕೂ ಜಾರುತ್ತೆ. ಎತ್ತ ಜಾರುತ್ತೆ ಅನ್ನೋದೇ ಸ್ವಾರಸ್ಯ. ಇಡೀ ಭೂಸ್ಥಿರ ಕಕ್ಷೆಯಲ್ಲಿ ಉಪಗ್ರಹ ತಾನಾಗಿ ನೆಲೆಯೂರುವ ಜಾಗ ಎರಡೇ. ಒಂದು ಪಶ್ಚಿಮದ 105 ಡಿಗ್ರಿ ರೇಖಾಂಶದ ಹತ್ತಿರ, ಇನ್ನೊಂದು ಪೂರ್ವದ 75 ಡಿಗ್ರಿ. ನಮ್ಮ ಹಾಸನ ಇರೋದು 76 ಡಿಗ್ರಿಯಲ್ಲಿ! ಅಂದರೆ ಹಾಸನದಿಂದ ನೇರ ದಕ್ಷಿಣಕ್ಕೆ, ಸಮಭಾಜಕದ ಮೇಲೆ, ಹೆಚ್ಚೂಕಡಿಮೆ ಆ ನೆಲೆಯೂರುವ ಜಾಗ. ನಮ್ಮ 55, 83, 93.5 ಡಿಗ್ರಿಯ ಉಪಗ್ರಹಗಳೆಲ್ಲ ಕೈಬಿಟ್ಟರೆ ನಿಧಾನಕ್ಕೆ ಆ ಕಡೆಗೇ ಜಾರುತ್ತವೆ. ಕೈಬಿಡದ ಹಾಗೆ ಆಗಾಗ ಚೂರು ಚೂರು ಇಂಧನ ಉರಿಸಿ ವಾಪಸ್ ತಳ್ಳಬೇಕು. ಇಂಧನ ತೀರಿತೋ, ಒಳಗಿನ ಎಲ್ಲಾ ಯಂತ್ರ ಗಟ್ಟಿಮುಟ್ಟಾಗಿದ್ದರೂ ಉಪಗ್ರಹದ ಕತೆ ಮುಗಿಯಿತು. ಕೊನೆಯ ಚೂರು ಉಳಿಸಿಕೊಂಡು ಅದನ್ನು ಮುನ್ನೂರು ಕಿಲೋಮೀಟರಿನಷ್ಟು ಮೇಲಕ್ಕೆ ಕಳಿಸಿ, ಜಾಗ ಖಾಲಿ ಮಾಡಿಸುತ್ತಾರೆ.

"1982ರಲ್ಲಿ ಇದೇ ಆಗಿದ್ದು" ಅಂತ ಆ ಹಿರಿಯರು ಹೇಳುತ್ತಿದ್ದರು. ಹಾಸನದ ಕೇಂದ್ರ ಶುರುವಾದ ವರ್ಷ ಅದು. ಏಪ್ರಿಲ್‌ನಲ್ಲಿ ಹೋದ ಇನ್ಸಾಟ್-1ಎ ಒಂದರ ಮೇಲೊಂದು ತೊಂದರೆ ಕೊಟ್ಟು, ದಿಕ್ಕು ಹಿಡಿದಿಡುವ ಇಂಧನ ತೀರಿ ಸೆಪ್ಟೆಂಬರ್‌ಗೇ ಕೈಕೊಟ್ಟಿತು. ಮಾರನೇ ವರ್ಷ ಆಗಸ್ಟ್ 30ಕ್ಕೆ ಚಾಲೆಂಜರ್ ನೌಕೆಯಲ್ಲಿ ಹೋದ 1ಬಿ ಕೂಡ ಸೌರಫಲಕ ಬಿಚ್ಚದೆ ಸತಾಯಿಸಿತು. ಸೆಪ್ಟೆಂಬರ್ ನಡುವಿಗೆ ಅಂತೂ ಬಿಚ್ಚಿಕೊಂಡಿತು. ಮುಂದೆ ಊರೂರಿಗೆ ದೂರದರ್ಶನ ತಲುಪಿದ್ದು ಅದರ ಬಲದಿಂದಲೇ. ನನ್ನಂಥವರ ಅನ್ನದ ದಾರಿಯೂ ಅಲ್ಲಿಂದಲೇ ಶುರು. ಪ್ರದರ್ಶನದ ಮಾದರಿಯಲ್ಲಿ ಜೋತುಬಿದ್ದಿದ್ದ ಫಲಕವನ್ನು ಹುಡುಗ ನೆನಪಿಸಿಕೊಂಡು, "ಹಾಗಾದ್ರೆ ಅದೇ ಸರಿಯಾದ ಮಾದರಿ ಮಾಮ!" ಅಂತ ನಕ್ಕ.

ಸಾಲಗಾಮೆ ರಸ್ತೆಗೆ ಆಟೊ. ರಸ್ತೆಯಾಚೆ ನಿಂತು ಮರಗಳ ಮೇಲಿಂದ ದೊಡ್ಡ ಬಿಳಿ ಡಿಶ್ಶುಗಳನ್ನು ನೋಡಿದೆವು. ಫೋಟೊ ಬೇಡ ಅಂದೆ, ಅಂಥ ಜಾಗದಲ್ಲಿ ಸುಮ್ಮನೆ ಮೊಬೈಲ್ ಎತ್ತಬಾರದು. ಚಂದ್ರಯಾನವನ್ನು ಇಲ್ಲಿಂದಲೇ ನಡೆಸಿದ್ದು ಅಂತ ಆಟೊದವರು ಹೇಳಿದರು. ಹಾಸನದಲ್ಲಿ ತುಂಬ ಜನ ಹಾಗೇ ತಿಳಿದಿದ್ದಾರೆ. ಚಂದ್ರನ ಲೆಕ್ಕವೆಲ್ಲ ಇಸ್ರೋದ ಇನ್ನೊಂದು ಕೇಂದ್ರ, ಬೆಂಗಳೂರಿನ ಇಸ್ಟ್ರ್ಯಾಕ್‌ನದು, ಅದರ 32 ಮೀಟರಿನ ಆಂಟೆನಾ ಇರೋದು ಬ್ಯಾಲಾಳಿನಲ್ಲಿ. ಹಾಸನದ್ದು, 2005ರಿಂದ ಜೊತೆಗೆ ಭೋಪಾಲದ್ದು, ಮೇಲೆ ನಿಂತ ಹಾಗೆ ಕಾಣುವ ಉಪಗ್ರಹಗಳನ್ನು ಕಾಯುವ ಕೆಲಸ. ಹುಡುಗ ಬಹಳ ಹೊತ್ತು ನೋಡಿ, "ಒಂದೂ ತಿರುಗ್ತಾ ಇಲ್ಲ ಮಾಮ" ಅಂದ. ಬೇಜಾರಾದ ಹಾಗಿತ್ತು. ತಿರುಗಬಾರದು ಅನ್ನೋದಕ್ಕೇ ಒಳಗೆ ಹಗಲೂ ರಾತ್ರಿ ಪಾಳಿಯಲ್ಲಿ ಜನ ಕೂತಿರೋದು ಅಂದೆ.

ಆರಕ್ಕೆ ಮನೆ. ಅವನಿಗಿನ್ನೂ ದಣಿವಾಗಿರಲಿಲ್ಲ. ಜ್ಯಾಮಿಟ್ರಿ ಬಾಕ್ಸಿನ ಕೋನಮಾಪಕಕ್ಕೆ ದಾರ ಕಟ್ಟಿ, ತುದಿಗೆ ನಟ್ಟು ನೇತುಹಾಕಿ ತಾರಸಿ ಹತ್ತಿದ. ನಮ್ಮ ಮನೆಯ ಫ್ರೀ ಡಿಶ್ ನೋಡೋದು 93.5 ಡಿಗ್ರಿಯ ಜಿಸ್ಯಾಟ್-15 ಕಡೆಗೆ. 2015ರ ನವೆಂಬರ್‌ನಲ್ಲಿ ಹೋದದ್ದು, 12 ವರ್ಷಕ್ಕೆ ಅಂತ ಮಾಡಿದ್ದು. ಇಲ್ಲಿಂದ ಅದು ಆಗ್ನೇಯಕ್ಕೆ, ಸುಮಾರು 65 ಡಿಗ್ರಿ ಎತ್ತರದಲ್ಲಿ ಇರಬೇಕು. ಅವನ ದಾರ ತೋರಿಸಿದ್ದು 40. "ನಿಮ್ಮ ಡಿಶ್ ತಪ್ಪು ಕಟ್ಟಿದೀರ" ಅಂತ ತೀರ್ಪು ಕೊಟ್ಟೇಬಿಟ್ಟ. ಟಿವಿ ಮಾತ್ರ ಕೆಳಗೆ ಚೆನ್ನಾಗೇ ಬರುತ್ತಿತ್ತು, ಅಮ್ಮ ಧಾರಾವಾಹಿ ನೋಡುತ್ತಿದ್ದರು. ಎಲ್‌ಎನ್‌ಬಿ (ಸಿಗ್ನಲ್ ಹಿಡಿಯುವ ಡಬ್ಬಿ) ಕೂತಿರುವ ತೋಳನ್ನು ತೋರಿಸಿದೆ. ಈ ಡಿಶ್ಶಿನಲ್ಲಿ ಎಲ್‌ಎನ್‌ಬಿ ನಟ್ಟನಡುವೆ ಇಲ್ಲ, ಕೆಳಗೆ ಸರಿದಿದೆ. ಮೇಲಿನಿಂದ ಇಳಿಯುವ ಸಿಗ್ನಲ್ ಓರೆಯಾಗಿ ಬಡಿದು ಅಲ್ಲಿಗೆ ಸೇರುತ್ತೆ. ಹಾಗಾಗಿ ಡಿಶ್ಶಿನ ಮುಖ ಉಪಗ್ರಹಕ್ಕಿಂತ ಇಪ್ಪತ್ತು, ಇಪ್ಪತ್ತೈದು ಡಿಗ್ರಿ ಕೆಳಗೆ ನೋಡುತ್ತಿರುತ್ತೆ. ಎರಡನ್ನೂ ಕೂಡಿಸಿ ನೋಡಿದ, ಲೆಕ್ಕ ಬಂತು. ಆದರೂ ನನ್ನ ಮೇಲೆ ಪೂರ್ತಿ ನಂಬಿಕೆ ಬಂದ ಹಾಗಿಲ್ಲ.

ನಾಳೆ ಕಟ್ಟಾಯದ ಕಡೆ ಎರಡು ಡಿಶ್ ಕಟ್ಟೋದಿದೆ. ಅಲ್ಲೂ ಅಳೆದು ನೋಡ್ತೀನಿ ಅಂತ ಕೋನಮಾಪಕವನ್ನು ನನ್ನ ಸ್ಪಾನರ್ ಚೀಲಕ್ಕೆ ಈಗಲೇ ತುರುಕಿ ಮಲಗಿದ್ದಾನೆ.