ಬಳಿಯುವುದು ಗೋಡೆಗೆ

"ಆರು ಗಂಟೆ ಕಷ್ಟಪಟ್ಟು ಬಳಿದಿರುತ್ತೀರಿ, ಒಂದು ಸ್ನಾನಕ್ಕೆ ಎಲ್ಲ ಹೋಗಿಬಿಡುತ್ತದೆ. ಬೇಸರವಾಗುವುದಿಲ್ಲವೇ?" ಮೈಮೇಲೆ ಚಿತ್ರ ಬಿಡಿಸುವುದು ನನ್ನ ಕೆಲಸ ಎಂದ ಕೂಡಲೇ ಈ ಪ್ರಶ್ನೆ ಬರುತ್ತದೆ. ಇಲ್ಲ, ಬೇಸರವಾಗುವುದಿಲ್ಲ. ಸಿಟ್ಟು ಬರುವುದು ‘ಬಳಿದಿರುತ್ತೀರಿ’ ಎಂಬ ಮಾತಿಗೆ.

ಬಳಿಯುವುದು ಗೋಡೆಗೆ. ಗೋಡೆ ಉಸಿರಾಡುವುದಿಲ್ಲ. ಹೊಟ್ಟೆಯ ಮೇಲೆ ನೇರ ಗೆರೆ ಎಳೆಯಬೇಕಾದರೆ ಎದುರಿಗಿರುವವರು ಉಸಿರು ಬಿಡುವುದನ್ನು ಕಾಯಬೇಕು. ಮುಂದಿನ ಉಸಿರು ಒಳಗೆ ಹೋಗುವಷ್ಟರಲ್ಲಿ ಕುಂಚ ಹೋಗಿ ಬರಬೇಕು. ಮೊಣಕೈಯ ಮಡಿಕೆಯಲ್ಲಿ ಬಣ್ಣ ದಪ್ಪವಾದರೆ ಬಿರುಕು ಬಿಡುತ್ತದೆ. ಬೆವರಿದರೆ ನೀರಿನ ಬಣ್ಣ ಇಳಿಯುತ್ತದೆ. ಕ್ಯಾನ್ವಾಸಿಗೆ ಹಚ್ಚುವ ಅಕ್ರಿಲಿಕ್ ಬಣ್ಣವನ್ನಂತೂ ನಾನು ಚರ್ಮದ ಹತ್ತಿರ ತರುವುದಿಲ್ಲ.

ಒಮ್ಮೆ ಪ್ರದರ್ಶನವೊಂದರಲ್ಲಿ, ಭುಜದಿಂದ ಪಾದದವರೆಗೆ ನಾನು ಚಿತ್ರ ಬಿಡಿಸಿದ್ದ ಹುಡುಗಿ ಪಕ್ಕದಲ್ಲೇ ನಿಂತಿದ್ದಳು. ಒಬ್ಬರು ಅವಳ ಹೆಗಲ ಮೇಲಿಂದಲೇ ನನ್ನತ್ತ ಬಗ್ಗಿ ಅದೇ ಪ್ರಶ್ನೆ ಕೇಳಿದರು. "ತೊಳೆದುಕೊಳ್ಳುವವಳು ನಾನು, ನನ್ನನ್ನು ಕೇಳಿ" ಎಂದಳು ಅವಳು. ಚೌಕಟ್ಟಿನೊಳಗಿನ ಚಿತ್ರವೇ ಬಾಯಿ ತೆರೆದಂತೆ ಅವರು ಎರಡು ಹೆಜ್ಜೆ ಹಿಂದೆ ಸರಿದರು. ಸಾವರಿಸಿಕೊಂಡು ಮತ್ತೆ ನನ್ನನ್ನೇ ಕೇಳಿದರು: "ಫೋಟೋ ಆದರೂ ತೆಗೆದಿಟ್ಟುಕೊಂಡಿದ್ದೀರಿ ತಾನೇ?"

ಈ ಕಾಣದಿರುವಿಕೆ ಕಲೆಯೊಳಗೂ ಇದೆ. 1960ರಲ್ಲಿ ಪ್ಯಾರಿಸಿನಲ್ಲಿ ಫ್ರೆಂಚ್ ಕಲಾವಿದ ಈವ್ ಕ್ಲೈನ್ ಠೀವಿಯ ಸೂಟು ತೊಟ್ಟು ನಿಂತು, ಮೈಗೆ ನೀಲಿ ಹಚ್ಚಿಕೊಂಡ ಹೆಣ್ಣುಮಕ್ಕಳು ಹಾಳೆಯ ಮೇಲೆ ಒತ್ತಿ ಅಚ್ಚು ಮೂಡಿಸುವಂತೆ ಸೂಚನೆ ಕೊಟ್ಟರು. ಅವರನ್ನು ಜೀವಂತ ಕುಂಚಗಳು ಎಂದು ಕರೆದರು. ಆ ನೀಲಿ ನನಗೂ ಪ್ರಿಯ, ಆ ಹೆಸರನ್ನು ಮಾತ್ರ ಒಪ್ಪಲಾರೆ. ನನ್ನ ಒಲವು ವೆರುಷ್ಕಾ ಎಂದು ಹೆಸರಾದ ಮಾಡೆಲ್ ವೆರಾ ಲೇನ್‌ಡಾರ್ಫ್ ಕಡೆಗೆ. 1970ರ ದಶಕದಿಂದ ಆಕೆ ಕಲಾವಿದ ಹೋಲ್ಗರ್ ಟ್ರ್ಯುಲ್ಚ್ ಜೊತೆಗೂಡಿ, ಹಳೆಯ ಗೋಡೆಗಳಲ್ಲಿ ತನ್ನ ಮೈ ಕರಗಿಹೋಗುವಂತೆ ಬಣ್ಣ ಹಾಕಿಸಿಕೊಂಡರು. ಗೋಡೆಯೇ ಆದರು ನಿಜ, ಆದರೆ ತಾವಾಗಿ ಆದರು. ಆ ಕೃತಿಗಳಿಗೆ ಇಬ್ಬರ ಹೆಸರೂ ಇದೆ.

ಪ್ರದರ್ಶನದ ಆ ಹುಡುಗಿಗೆ, ಅಷ್ಟು ಹೊತ್ತು ನಿಂತವಳಿಗೆ, ಏನನ್ನಿಸಿತು ಎಂದು ಯಾರಾದರೂ ಕೇಳಲಿ. ಒದ್ದೆ ಬಣ್ಣ ಆರುವಾಗ ಮೈಯ ಶಾಖವನ್ನೂ ಎಳೆದುಕೊಳ್ಳುತ್ತದೆ, ಅವಳು ಚಳಿಗೆ ನಡುಗಿದ್ದಳು. ಬೆನ್ನಿನ ಚಿತ್ರವನ್ನು ಕನ್ನಡಿಯಲ್ಲಿ ನೋಡುವ ಮೊದಲೇ, ಕುಂಚ ಓಡಿದ ಜಾಡಿನಿಂದ ಅದು ಮರವೆಂದು ಗುರುತಿಸಿದ್ದಳು.

ಮರುದಿನ ನಾನೇ ಕೇಳಿದೆ, ತೊಳೆಯುವಾಗ ಹೇಗನ್ನಿಸಿತು ಎಂದು. ಕಾಲಿನ ಬೇರುಗಳನ್ನು ಮೊದಲು ಬಿಟ್ಟುಕೊಟ್ಟೆ, ಎಡಭುಜದ ಹಕ್ಕಿಗೆ ಕೊನೆಯವರೆಗೂ ನೀರು ತಾಗಿಸಲಿಲ್ಲ ಎಂದಳು.